ನಾಂದಿ ಹಾಡಿದವರ ಹೆಸರೇ ಪಟ್ಟಿಯಲ್ಲಿಲ್ಲ

ಕನ್ನಡದ ಹೊಸ ಅಲೆ ಸಿನಿಮಾ ಅಂದ ಕೂಡಲೇ ನಾವು 1970ರ ‘ಸಂಸ್ಕಾರ’ದಿಂದ ಲೆಕ್ಕ ಶುರು ಮಾಡ್ತೀವಿ. ಪಟ್ಟಾಭಿರಾಮ ರೆಡ್ಡಿ, ಕಾರ್ನಾಡ್, ಕಾರಂತ, ಕಾಸರವಳ್ಳಿ ಅಂತ ಬಾಯಿಪಾಠ ಒಪ್ಪಿಸ್ತೀವಿ. ಅದಕ್ಕೂ ಆರು ವರ್ಷ ಮೊದಲೇ, 1964ರಲ್ಲಿ ‘ನಾಂದಿ’ ಮಾಡಿದ ಎನ್. ಲಕ್ಷ್ಮೀನಾರಾಯಣ್ ನೆನಪಿಗೇ ಬರಲ್ಲ. ನನ್ನ ಅನುಮಾನ ಇಷ್ಟೇ: ಅವರ ಚಿತ್ರದಲ್ಲಿ ರಾಜ್‌ಕುಮಾರ್ ಇದ್ರು, ಹಾಡುಗಳಿದ್ವು. ಹಾಗಾಗಿ ಕಲಾತ್ಮಕದವರಿಗೆ ಇವರು ತಮ್ಮವರು ಅನ್ನಿಸಲಿಲ್ಲ. ಫೈಟು, ಅಬ್ಬರ ಇಲ್ಲದ್ದಕ್ಕೆ ಗಾಂಧಿನಗರಕ್ಕೂ ಬೇಡವಾದ್ರು.

‘ನಾಂದಿ’ಯ ನಾಯಕ ಮೇಷ್ಟ್ರು. ಮೊದಲ ಹೆಂಡತಿ ತೀರಿಕೊಂಡ ಮೇಲೆ ಕಿವಿ ಕೇಳದ, ಮಾತು ಬಾರದ ಹುಡುಗಿಯನ್ನು ಮದುವೆಯಾಗ್ತಾನೆ. ಆ ಪಾತ್ರ ಹರಿಣಿಯವರದ್ದು. ಪಿ.ಬಿ. ಶ್ರೀನಿವಾಸ್ ಹಾಡಿರುವ ಜೋಗುಳ ನಿಮಗೆಲ್ಲ ಗೊತ್ತೇ ಇರುತ್ತೆ, ನಮ್ಮನೆ ರೇಡಿಯೋದಲ್ಲೂ ಬರ್ತಿತ್ತು. ಮಗುವಿಗೆ ‘ಕೇಳು’ ಅನ್ನೋ ಆ ಹಾಡು, ಕೇಳಲಾಗದ ಹೆಂಗಸಿನ ಕಥೆಯೊಳಗಿದೆ ಅಂತ ಸಿನಿಮಾ ನೋಡಿದ ಮೇಲೇ ಹೊಳೆದಿದ್ದು. ಹಾಡನ್ನು ಅಷ್ಟು ಅರ್ಥವತ್ತಾಗಿ ಕೂರಿಸೋದು ರಾಜಿ ಹೇಗಾಗುತ್ತೆ ಹೇಳಿ?

1969ರ ‘ಉಯ್ಯಾಲೆ’ ಚದುರಂಗರ ಕಾದಂಬರಿಯದ್ದು. ನನಗೆ ಹೆಚ್ಚು ಇಷ್ಟ 1973ರ ‘ಅಬಚೂರಿನ ಪೋಸ್ಟಾಫೀಸು’. ತೇಜಸ್ವಿ ಕಥೆ, ರಾಷ್ಟ್ರಪ್ರಶಸ್ತಿಯೂ ಬಂತು. ಬೋಬಣ್ಣ ಪೋಸ್ಟಿನ ಕೆಲಸ ಮಾಡ್ತಾ ಮಾಡ್ತಾ ಬೇರೆಯವರ ಕಾಗದ ಒಡೆದು ಓದೋ ಚಟಕ್ಕೆ ಬೀಳ್ತಾನೆ. ನಮ್ಮ ಹಳ್ಳಿಮೈಸೂರಿನ ಕಡೆಯವರಿಗೆ ಈ ಕಥೆ ವಿವರಿಸಬೇಕಿಲ್ಲ. ಯಾರ ಮನೆಗೆ ಕಾಗದ ಬಂತು ಅನ್ನೋದು ಕಾಗದಕ್ಕಿಂತ ಮೊದಲು ಮನೆ ಮುಟ್ಟೋ ಊರು ನಮ್ಮದು. ಈಗಿನ ಸಿನಿಮಾದವರ ಕೈಗೆ ಸಿಕ್ಕಿದ್ರೆ ಬೋಬಣ್ಣ ಒಂದೋ ಕಾಮಿಡಿ ಪೀಸ್, ಇಲ್ಲಾ ಪಾಪದ ಮುಗ್ಧ ಹಳ್ಳಿಗ. ಲಕ್ಷ್ಮೀನಾರಾಯಣ್ ಅವನಿಗೆ ಆಸೆ, ಕಳ್ಳತನ, ಭಯ ಮೂರನ್ನೂ ಬಿಡ್ತಾರೆ. ಅವನನ್ನು ನೋಡಿ ನಗೋಕೆ ನಮ್ಮನ್ನು ಕರೆಯಲ್ಲ. ಆಫೀಸಿನಲ್ಲಿ ಯಾರಾದ್ರೂ ಹಳ್ಳಿ ಕನ್ನಡ ಅಣಕಿಸಿ ನಗಿಸುವಾಗ ನನಗೆ ಈ ಬೋಬಣ್ಣ ನೆನಪಾಗ್ತಾನೆ.

ಎಲ್ಲವೂ ಚಿನ್ನ ಅಂತ ಹೇಳ್ತಿಲ್ಲ. 1985ರ ‘ಬೆಟ್ಟದ ಹೂವು’ ಅಲ್ಲಲ್ಲಿ ಸಕ್ಕರೆ ಜಾಸ್ತಿಯಾದ ಕಾಫಿ. ಪುನೀತ್‌ಗೆ ಬಾಲನಟ ರಾಷ್ಟ್ರಪ್ರಶಸ್ತಿ ತಂದ ಚಿತ್ರ. ಅಪ್ಪು ಹೋದ ಮೇಲೆ ಅದರ ತುಣುಕುಗಳು ಎಲ್ಲರ ಸ್ಟೇಟಸ್ಸಿನಲ್ಲಿದ್ವು, ನಿರ್ದೇಶಕರ ಹೆಸರು ಮಾತ್ರ ಒಂದರಲ್ಲೂ ನನಗೆ ಕಾಣಲಿಲ್ಲ. ಆದ್ರೂ ಕೊನೆಗೆ ಆ ಹುಡುಗ ಮಾಡೋ ಆಯ್ಕೆ ನೋಡಿ. ಕುವೆಂಪು ಅವರ ‘ಶ್ರೀ ರಾಮಾಯಣ ದರ್ಶನಂ’ ಕೊಳ್ಳೋಕೆ ಕಾಡೆಲ್ಲ ಅಲೆದು ಆರ್ಕಿಡ್ ಹೂ ತಂದು ಮಾರಿ ಕಾಸು ಕೂಡಿಸ್ತಾನೆ, ಆ ಕಾಸಿನಲ್ಲಿ ಕಂಬಳಿ ತರ್ತಾನೆ. ಪುಸ್ತಕ ಅಂಗಡಿಯಲ್ಲೇ ಉಳಿಯುತ್ತೆ.