‘ಜಂಗ್ ಔರ್ ಅಮನ್’ ಚಿತ್ರದಲ್ಲಿ ಹಿಬಾಕುಶಾರ ಸಾಕ್ಷ್ಯ

ಮುಂಬಯಿಯ ಆನಂದ ಪಟವರ್ಧನರ ‘ಜಂಗ್ ಔರ್ ಅಮನ್’ (2002) ಸಾಕ್ಷ್ಯಚಿತ್ರವು ವ್ಯಾಜ್ಯದಿಂದಲೇ ಹೆಚ್ಚು ಹೆಸರಾಯಿತೆನ್ನಬಹುದು. ಸೆನ್ಸಾರ್ ಮಂಡಲಿಯು ಹಲವೆಡೆ ಕತ್ತರಿ ಹಾಕಬೇಕೆಂದುದು, 2003ರಲ್ಲಿ ಮುಂಬಯಿ ಹೈಕೋರ್ಟು ಚಿತ್ರವನ್ನು ಯಥಾವತ್ತಾಗಿ ತೋರಿಸಲು ಅನುಮತಿಯಿತ್ತುದು ಸುಪರಿಚಿತ ಸಂಗತಿಗಳು. ಆದರೆ ಈ ಕೃತಿಯ ಸತ್ತ್ವವನ್ನು ಅಳೆಯಬೇಕಾದುದು ಅದರಲ್ಲಿ ಜಪಾನಿನ ಬಾಂಬ್ ಸಂತ್ರಸ್ತರು ಆಡುವ ಮಾತಿನಿಂದ.

ಅವರನ್ನು ಜಪಾನೀ ಭಾಷೆ ‘ಹಿಬಾಕುಶಾ’ ಎನ್ನುತ್ತದೆ. ಸ್ಫೋಟಕ್ಕೆ ಒಳಗಾದವರು ಎಂದಷ್ಟೇ ಅದರ ಅರ್ಥ. ಕನ್ನಡದ ‘ಬದುಕುಳಿದವರು’ ಎಂಬ ಮಾತಿನಲ್ಲಿ ಗಂಡಾಂತರ ಕಳೆಯಿತೆಂಬ ನೆಮ್ಮದಿಯ ಧ್ವನಿಯಿದೆ. ಜಪಾನೀ ಪದದಲ್ಲಿ ಅದಿಲ್ಲ. ಇದ್ದಿದ್ದರೆ ಸುಳ್ಳಾಗುತ್ತಿತ್ತು. 1945ರ ಆಗಸ್ಟ್ 6ರಂದು ಹಿರೋಶಿಮಾ, 9ರಂದು ನಾಗಸಾಕಿ. ಆ ವರ್ಷ ಮುಗಿಯುವುದರೊಳಗೆ ಎರಡೂ ನಗರಗಳಲ್ಲಿ ಮಡಿದವರು ಅಂದಾಜು 2 ಲಕ್ಷಕ್ಕೂ ಮಿಕ್ಕು. ಈ ಲೆಕ್ಕವು ಡಿಸೆಂಬರಿಗೆ ನಿಲ್ಲುತ್ತದೆ; ರೋಗವು ನಿಲ್ಲಲಿಲ್ಲ. ರಕ್ತದ ಕ್ಯಾನ್ಸರು ಕೆಲವೇ ವರ್ಷಗಳಲ್ಲಿ ಹೆಚ್ಚಿತು, ಇತರ ಕ್ಯಾನ್ಸರುಗಳು ದಶಕಗಳ ತರುವಾಯವೂ ಕಾಣಿಸಿಕೊಂಡವು. ಹೆಣ್ಣು ಕೊಡುವವರೂ ತರುವವರೂ ಹಿಂಜರಿದುದರಿಂದ, ಸ್ಫೋಟದ ದಿನ ತಾವು ಆ ಊರಿನಲ್ಲಿದ್ದೆವೆಂಬುದನ್ನೇ ಎಷ್ಟೋ ಮಂದಿ ಮರೆಮಾಚಿ ಬಾಳಿದರು.

ಪಟವರ್ಧನರ ವಿವೇಕವೆಂದರೆ, ಈ ಸಾಕ್ಷ್ಯವನ್ನು ಅವರು ಪರದೇಶದ ದುರಂತವೆಂದು ಪ್ರತ್ಯೇಕಿಸಿಡಲಿಲ್ಲ. 1998ರ ಮೇ ತಿಂಗಳ ಪೋಖರಣ್ ಸ್ಫೋಟಗಳ ನೆಲೆಗೆ ಸಮೀಪದ ಖೇತೋಲಾಯಿ ಗ್ರಾಮಸ್ಥರ ಅಳಲನ್ನೂ, ಯುರೇನಿಯಂ ಅಗೆಯುವ ಜಾದೂಗೋಡದ ಆದಿವಾಸಿಗಳ ಕಾಯಿಲೆಯನ್ನೂ ಅದರ ಜೊತೆಗಿರಿಸಿದರು. (ಅಧಿಕಾರಿವರ್ಗವು ಈ ದೂರುಗಳನ್ನು ಒಪ್ಪಿಕೊಂಡಿಲ್ಲವೆಂಬುದು ಬೇರೆ ಮಾತು.) ಬಾಂಬು ಯಾವ ನಗರದ ಮೇಲೂ ಬೀಳುವ ಮೊದಲೇ ಅದರ ಬೆಲೆ ತೆರುವವರಿದ್ದಾರೆಂಬುದು ಈ ಜೋಡಣೆಯಿಂದಲೇ ಮನದಟ್ಟಾಗುತ್ತದೆ.

ಚಿತ್ರದ ದೋಷವಿರುವುದು ಇದನ್ನು ನೆಚ್ಚದೆ ಹೋದುದರಲ್ಲಿ. ನಿರ್ದೇಶಕರು ಸ್ವಂತ ದನಿಯಲ್ಲಿ ನೀಡುವ ನಿರೂಪಣೆಯು ಪ್ರೇಕ್ಷಕನು ತಾನಾಗಿ ಕಂಡುಕೊಳ್ಳಬಹುದಾದುದನ್ನೂ ಹೇಳಿಬಿಡುತ್ತದೆ. ಭಾರತ, ಪಾಕಿಸ್ತಾನ, ಜಪಾನ್, ಅಮೆರಿಕಗಳನ್ನು ಸುತ್ತುವ ಆತುರದಲ್ಲಿ ಹಿಬಾಕುಶಾರ ಮಾತು ವಾದಕ್ಕೆ ಒದಗಿಸಿದ ಒಂದು ದಾಖಲೆಯ ಮಟ್ಟಕ್ಕಿಳಿಯುತ್ತದೆ. ಆ ವೃದ್ಧರಿಗೆ ಇನ್ನಷ್ಟು ಕಾಲಾವಕಾಶ ಸಲ್ಲಬೇಕಿತ್ತು. ಅವರ ಸಂಘಟನೆಯಾದ ನಿಹೋನ್ ಹಿದಾಂಕ್ಯೋಗೆ ನೊಬೆಲ್ ಶಾಂತಿ ಪಾರಿತೋಷಕ ದೊರೆತುದು 2024ರಲ್ಲಿ. ಮರುವರ್ಷವೇ ಜೀವಂತರಾದ ಹಿಬಾಕುಶಾರ ಸಂಖ್ಯೆ 1 ಲಕ್ಷಕ್ಕಿಂತ ಕೆಳಗಿಳಿಯಿತು.

ಮುಂಬಯಿಯ ಕನ್ನಡಿಗರಿಗೆ ಈ ಚಿತ್ರವು ಸುಲಭದ ತುತ್ತಲ್ಲ. 1974ರ ಪೋಖರಣ್ ಸ್ಫೋಟದ ಕಾಲಕ್ಕೆ ಟ್ರಾಂಬೆಯ ಭಾಭಾ ಕೇಂದ್ರದ ನಿರ್ದೇಶಕರಾಗಿದ್ದವರು ಕನ್ನಡಿಗರಾದ ರಾಜಾ ರಾಮಣ್ಣ. ಆ ಅಭಿಮಾನ ಅಕಾರಣವಾದುದಲ್ಲ. ಆ ಬಾಂಬಿನ ಪ್ಲುಟೋನಿಯಂ ತಯಾರಾದುದೂ ಟ್ರಾಂಬೆಯಲ್ಲಿಯೇ. ಚೆಂಬೂರಿನಲ್ಲಿ ಕುಳಿತು ನೋಡುವವನಿಗೆ ಹಿಬಾಕುಶಾರ ಸಾಕ್ಷ್ಯವು ದೂರದೇಶದ ವಾರ್ತೆಯಾಗಿ ಕೇಳಿಸುವುದು ಕಷ್ಟ.