ಚಿತ್ರಕಥೆಗಾರ ಕಾರ್ನಾಡ: ಮುಂಬೈಯ ಅಧ್ಯಾಯ

ಗಿರೀಶ ಕಾರ್ನಾಡರ ಹೆಸರೆತ್ತಿದೊಡನೆ ಕನ್ನಡ ಓದುಗರ ನೆನಪು 'ಯಯಾತಿ', 'ತುಘಲಕ್', 'ಹಯವದನ'ಗಳ ಕಡೆಗೆ ಹರಿಯುವುದು ಸಹಜವಾದರೂ, ಹಿಂದಿ ಚಿತ್ರಗಳಿಗೆ ಅವರು ಬರೆದ ಚಿತ್ರಕಥೆಗಳಿಗೆ ನಮ್ಮ ವಿಮರ್ಶೆ ಕೊಟ್ಟ ಗಮನ ತೀರ ಕಡಿಮೆ. ಆ ಚಿತ್ರಗಳ ಉದ್ಯಮದ ನೆಲೆ ಮುಂಬೈ: 'ಮೊಘಲ್-ಎ-ಆಜಂ'ನ ಶೀಶಮಹಲಿನ ಸೆಟ್ಟು ಎದ್ದ ಮೋಹನ್ ಸ್ಟುಡಿಯೊ ಇದ್ದದ್ದು ಇಲ್ಲಿನ ಅಂಧೇರಿಯಲ್ಲಿ. ಚಿತ್ರ ಬರಹಗಾರರು ತಮ್ಮ ಕಥೆಗಳನ್ನು ನೋಂದಾಯಿಸುವ ಸಂಘದ ಕಚೇರಿ ಇರುವುದೂ ಅಂಧೇರಿ ಪಶ್ಚಿಮದಲ್ಲಿಯೇ. ಚಿತ್ರೋದ್ಯಮ ಹೀಗೆ ನೆಲೆಯೂರಿದ ಊರಿನ ಕನ್ನಡಿಗರಾದರೂ ಕಾರ್ನಾಡರ ಈ ಮುಖವನ್ನು ಚೆನ್ನಾಗಿ ಅರಿಯಬೇಕು.

ಚಿತ್ರಕಥೆಯೆಂದರೆ ಸಂಭಾಷಣೆಯಲ್ಲ. ಯಾವ ದೃಶ್ಯದ ಹಿಂದೆ ಯಾವುದು ಬರಬೇಕು, ಪಾತ್ರಕ್ಕೆ ಗೊತ್ತಿರುವುದು ಪ್ರೇಕ್ಷಕನಿಗೆ ಯಾವಾಗ ಗೊತ್ತಾಗಬೇಕು, ಎಲ್ಲಿ ಮಾತು ನಿಂತು ನಟನ ಮುಖವೇ ಕಥೆಯನ್ನು ಹೇಳಬೇಕು ಎಂಬುದನ್ನೆಲ್ಲ ಮೊದಲೇ ಹೊಂದಿಸುವ ಬರವಣಿಗೆ ಅದು. ಕಾರ್ನಾಡರು ಇದನ್ನು ಆರಂಭಿಸಿದ್ದು 1970ರ 'ಸಂಸ್ಕಾರ'ದಲ್ಲಿ. ಚಿತ್ರಕಥೆಯನ್ನು ಬರೆದವರೂ ಪ್ರಾಣೇಶಾಚಾರ್ಯನಾಗಿ ನಟಿಸಿದವರೂ ಅವರೇ. ಮುಂದೆ ಶ್ಯಾಮ್ ಬೆನೆಗಲ್ಲರ 'ನಿಶಾಂತ್' (1975) ಚಿತ್ರದಲ್ಲಿ ಹೆಂಡತಿಯನ್ನು ಕಳೆದುಕೊಂಡ ಶಾಲಾಮಾಸ್ತರನಾಗಿ, 'ಮಂಥನ್' (1976) ಚಿತ್ರದಲ್ಲಿ ಹಾಲಿನ ಸಹಕಾರ ಸಂಘ ಕಟ್ಟಲು ಬರುವ ಡಾ. ರಾವ್ ಆಗಿ ನಟಿಸಿದಾಗ, ಆ ಎರಡೂ ಚಿತ್ರಕಥೆಗಳು ಇನ್ನೊಬ್ಬ ನಾಟಕಕಾರರಾದ ವಿಜಯ ತೆಂಡೂಲ್ಕರರವಾಗಿದ್ದವು. ಸಮಕಾಲೀನ ನಾಟಕಕಾರನೊಬ್ಬನ ಚಿತ್ರಕಥೆಯನ್ನು ಕ್ಯಾಮೆರಾದ ಎದುರು ನಿಂತು ಒಳಗಿನಿಂದ ಅರಿಯುವ ಇಂಥ ಅವಕಾಶ ಹೆಚ್ಚು ಬರಹಗಾರರಿಗೆ ದೊರೆಯುವುದಿಲ್ಲ.

ಇದರ ಬೆನ್ನಿಗೇ ಬಂದ 'ಭೂಮಿಕಾ' (1977) ಕಾರ್ನಾಡರ ನಾಟಕಗಳ ಜೊತೆಗೆ ಇಟ್ಟು ನೋಡಬೇಕಾದ ಕೃತಿ. ಮರಾಠಿ ನಟಿ ಹಂಸಾ ವಾಡ್ಕರರ ಆತ್ಮಕಥೆ 'ಸಾಂಗತ್ಯೇ ಐಕಾ'ವನ್ನು ಆಧರಿಸಿದ ಈ ಚಿತ್ರಕಥೆಯನ್ನು ಬೆನೆಗಲ್, ಸತ್ಯದೇವ ದುಬೆ ಮತ್ತು ಕಾರ್ನಾಡರು ಕೂಡಿ ಬರೆದರು. 'ಹಯವದನ'ವನ್ನು ಹಿಂದಿಯಲ್ಲಿ ಮುಂಬೈಯ ರಂಗಕ್ಕೆ ತಂದವರು ಇದೇ ದುಬೆ. ಆ ಪ್ರಯೋಗದ ನಟರಾದ ಅಮೋಲ್ ಪಾಲೇಕರ್ ಮತ್ತು ಅಮರೀಶ್ ಪುರಿ ಇಲ್ಲಿ ನಾಯಕಿ ಉಷಾಳ ಬದುಕನ್ನು ಬೇರೆ ಬೇರೆ ಬಗೆಯಲ್ಲಿ ಕಟ್ಟಿಹಾಕುವ ಗಂಡಸರಾಗಿ ಬರುತ್ತಾರೆ. ಉಷಾ ಸ್ಟುಡಿಯೊದ ಸೆಟ್ಟಿನಿಂದ ಮನೆಗೆ, ಮನೆಯಿಂದ ಕಪ್ಪು-ಬಿಳುಪಿನ ಬಾಲ್ಯಕ್ಕೆ, ಅಲ್ಲಿಂದ ಮತ್ತೆ ವರ್ತಮಾನಕ್ಕೆ ಸಾಗುವಾಗ ಹಿನ್ನೋಟದ ತಂತ್ರ, ಅಂದರೆ ನಡೆಯುತ್ತಿರುವ ಕಥೆಯನ್ನು ತಡೆದು ಹಿಂದಿನದನ್ನು ತೋರಿಸುವ ಕ್ರಮ, ಬರಿಯ ಮಾಹಿತಿ ಕೊಡುವುದಕ್ಕೆ ಬಳಕೆಯಾಗಿಲ್ಲ. ಪ್ರತಿ ಬಿಡುಗಡೆಯೂ ಇನ್ನೊಂದು ಬಂಧನವಾಗುವುದನ್ನು ಆ ಜೋಡಣೆಯೇ ತೋರಿಸುತ್ತದೆ. ಶ್ರೀಮಂತ ಕಾಳೆಯ ಮನೆಯಲ್ಲಿ, ಹಾಸಿಗೆ ಹಿಡಿದ ಅವನ ಹೆಂಡತಿಯ ಪಕ್ಕದಲ್ಲಿ, ಅನುಮತಿಯಿಲ್ಲದೆ ಹೊಸ್ತಿಲು ದಾಟುವಂತಿಲ್ಲವೆಂದು ಉಷಾ ತಿಳಿಯುವ ಭಾಗ ಹಿಂದಿ ಸಿನಿಮಾದ ಅತ್ಯುತ್ತಮ ಬರವಣಿಗೆಗಳಲ್ಲಿ ಒಂದು. 'ಮಂಥನ್'ಗಾಗಿ ತೆಂಡೂಲ್ಕರರಿಗೆ ಸಂದ ಚಿತ್ರಕಥೆಯ ರಾಷ್ಟ್ರಪ್ರಶಸ್ತಿ ಮರುವರ್ಷ 'ಭೂಮಿಕಾ'ದ ಮೂವರಿಗೆ ಸಂದಿತು. ಉಷಾಳಾಗಿ ನಟಿಸಿದ ಸ್ಮಿತಾ ಪಾಟೀಲರು ಶ್ರೇಷ್ಠ ನಟಿಯಾದರು.

ಬೆನೆಗಲ್ಲರ ಜೊತೆ ಬರೆದ 'ಕಲಿಯುಗ್' (1981) ಮಹಾಭಾರತವನ್ನು ಮುಂಬೈಯ ಎರಡು ಉದ್ಯಮಿ ಕುಟುಂಬಗಳ ಜಗಳವಾಗಿಸುತ್ತದೆ. ನೆಂಟಸ್ತಿಕೆಗಳ ಗೋಜಲು ಮೊದಲರ್ಧವನ್ನು ಭಾರವಾಗಿಸಿದೆ ಎಂಬುದನ್ನು ಒಪ್ಪಲೇಬೇಕು. ಆದರೆ ಪಂಪನ ಕಾಲದಿಂದ ಕರ್ಣನನ್ನು ಹಚ್ಚಿಕೊಂಡಿರುವ ಕನ್ನಡ ಓದುಗ ಶಶಿ ಕಪೂರರ ಕರಣನನ್ನು ಕೂಡಲೇ ಗುರುತಿಸುತ್ತಾನೆ: ರಥದ ಚಕ್ರ ಹೂತುಹೋಗುವ ಪ್ರಸಂಗ ಇಲ್ಲಿ ಕಾರಿನ ಟೈರು ಬದಲಿಸುವ ಗಳಿಗೆಯಾಗಿದೆ, ಅರ್ಜುನನ ಸ್ಥಾನದಲ್ಲಿ ಅನಂತನಾಗ್ ಇದ್ದಾರೆ. ಪುರಾಣವನ್ನು ವರ್ತಮಾನದ ವಸ್ತುವಾಗಿಸುವ ಈ ಕಸುಬು 'ಯಯಾತಿ'ಯ ಲೇಖಕನದೇ.

ಶೂದ್ರಕನ 'ಮೃಚ್ಛಕಟಿಕ'ವನ್ನು ಆಧರಿಸಿ ಅವರು ನಿರ್ದೇಶಿಸಿದ 'ಉತ್ಸವ್' (1984) ಇನ್ನೊಂದು ದಾರಿ ಹಿಡಿಯಿತು. ವಾತ್ಸ್ಯಾಯನನನ್ನೇ ಕಥೆಯೊಳಗೆ ತಂದು ಅಮ್ಜದ್ ಖಾನರ ಬಾಯಲ್ಲಿ ನಿರೂಪಣೆ ಮಾಡಿಸಿದ್ದು ಸೂತ್ರಧಾರನ ಪರಂಪರೆಯನ್ನು ಬಲ್ಲ ನಾಟಕಕಾರನ ಯೋಚನೆ; ಕನ್ನಡದಿಂದ ಕರೆತಂದ ಶಂಕರ್‌ನಾಗ್‌ರಿಗೆ ಸಿಕ್ಕ ಕಳ್ಳನ ಪಾತ್ರವಂತೂ, ಪೋಷಕ ಪಾತ್ರಕ್ಕೂ ಪೂರ್ಣ ಬದುಕು ಕೊಡಬೇಕೆಂದು ನಟನಾಗಿ ಬಲ್ಲವನು ಬರೆದದ್ದು.