ಹೊನ್ನಿನ ಸೇಬು ಯಾರಿಗೆ ಬೇಕಿತ್ತು?

ಸ್ಟಾಕ್‌ಹೋಮಿನ ತೆಗ್ನೇರ್‌ಲುಂಡೆನ್ ಪಾರ್ಕು ನಮ್ಮಲ್ಲಿ ಹಲವರಿಗೆ ಪರಿಚಿತ. ಸ್ಟ್ರಿಂಡ್‌ಬೆರಿಯ ದೊಡ್ಡ ಪ್ರತಿಮೆ ಇರುವ ಜಾಗ. ಆದರೆ ಇಲ್ಲಿಯ ಮಕ್ಕಳಿಗೆ ಪ್ರತಿಮೆಗಿಂತ ಅಲ್ಲಿನ ಬೆಂಚು ಮುಖ್ಯ. ಆಸ್ಟ್ರಿಡ್ ಲಿಂಡ್‌ಗ್ರೆನ್ (1907–2002) ಅವರು 1954ರಲ್ಲಿ ಪ್ರಕಟಿಸಿದ 'ಮಿಯೊ, ಮಿನ್ ಮಿಯೊ' ಕಾದಂಬರಿಯ ಹುಡುಗ ದೂರದ ನಾಡಿಗೆ ಹಾರಿದ್ದು ಅಲ್ಲಿಂದಲೇ. ಪಿಪ್ಪಿಯನ್ನು ಬಲ್ಲ ನಮ್ಮ ಮನೆಗಳಲ್ಲಿ ಮಿಯೊನನ್ನು ಓದಿದವರು ಕಡಿಮೆ. ಆದ್ದರಿಂದ ಈ ನಾಲ್ಕು ಮಾತು.

ಕಥೆ ಶುರುವಾಗುವುದೇ ಒಂದು ರೇಡಿಯೋ ಪ್ರಕಟಣೆಯಿಂದ. ಉಪ್‌ಲಾಂಡ್ಸ್‌ಗಾತನ್ 13ನೇ ನಂಬರಿನ ಮನೆಯಿಂದ ಒಂಬತ್ತು ವರ್ಷದ ಹುಡುಗ ಕಾಣೆಯಾಗಿದ್ದಾನೆ. ಹೊಂಬಣ್ಣದ ಕೂದಲು, ನೀಲಿ ಕಣ್ಣು, ಕಂದು ಚಡ್ಡಿ, ಬೂದು ಸ್ವೆಟರ್, ಕೆಂಪು ಟೋಪಿ. ಹೆಸರು ಬುಸ್ಸೆ, ತಬ್ಬಲಿ. ಸಾಕಿಕೊಂಡ ಎಡ್ಲಾ ಮತ್ತು ಸಿಕ್ಸ್ಟೆನ್ ದಂಪತಿಗೆ ಬೇಕಾಗಿದ್ದದ್ದು ಹೆಣ್ಣುಮಗು, ಸಿಕ್ಕಿದ್ದು ಇವನು. ಒಂದು ಸಂಜೆ ಹಣ್ಣಿನಂಗಡಿಯ ಲುಂಡೀನಮ್ಮ ಅವನ ಕೈಗೆ ಒಂದು ಸೇಬು ಕೊಟ್ಟು, ಅಂಚೆಗೆ ಹಾಕಲು ಒಂದು ಕಾರ್ಡನ್ನೂ ಕೊಡುತ್ತಾಳೆ. ಕಾರ್ಡು ದೂರದ ನಾಡಿನ ರಾಜನಿಗೆ: ನೀನು ಹುಡುಕುತ್ತಿದ್ದವನು ಹೊರಟಿದ್ದಾನೆ, ಅವನ ಕೈಯಲ್ಲಿ ಗುರುತಾಗಿ ಹೊನ್ನಿನ ಸೇಬು ಇರುತ್ತದೆ. ಪಾರ್ಕಿನ ಬೆಂಚಿನ ಮೇಲೆ ಕುಳಿತಾಗ ಆ ಮಾಮೂಲು ಸೇಬು ಹೊನ್ನಾಗಿರುತ್ತದೆ. ಬಿಯರ್ ಬಾಟಲಿಯಲ್ಲಿ ಸಿಕ್ಕಿಕೊಂಡಿದ್ದ ಭೂತವೊಂದು ಆ ಗುರುತನ್ನು ಕಂಡು ಅವನನ್ನು ಹೊತ್ತು ಹಾರುತ್ತದೆ.

ಪೊಲೀಸರು ಕೊಟ್ಟದ್ದೂ ಗುರುತು, ಕಾರ್ಡಿನಲ್ಲಿದ್ದದ್ದೂ ಗುರುತು. ಪೊಲೀಸರ ಪಟ್ಟಿಯಲ್ಲಿ ಟೋಪಿಯಿದೆ, ಸ್ವೆಟರಿದೆ, ಕೈಯಲ್ಲಿದ್ದ ಸೇಬಿಲ್ಲ. ಮನೆಯವರು ಮೈಮೇಲಿನ ಬಟ್ಟೆಯನ್ನು ನೋಡಿದ್ದರು, ಹುಡುಗನನ್ನು ನೋಡಿರಲಿಲ್ಲ. ಲೇಖಕಿ ಇದನ್ನು ಎಲ್ಲಿಯೂ ಬಾಯಿಬಿಟ್ಟು ಹೇಳುವುದಿಲ್ಲ. ಎರಡು ಪಟ್ಟಿಗಳನ್ನು ಹತ್ತಿರ ಹತ್ತಿರ ಇಟ್ಟು ಸುಮ್ಮನಾಗುತ್ತಾರೆ.

ಗುರುತಿನ ಕಥೆಗಳು ನಮಗೆ ಹೊಸವಲ್ಲ. ಅಶೋಕವನದಲ್ಲಿ ಸೀತೆ ಹನುಮನನ್ನು ನಂಬಿದ್ದು ರಾಮನ ಮುದ್ರೆಯುಂಗುರವನ್ನು ಕಂಡ ಮೇಲೆ. ಬಸವಪ್ಪ ಶಾಸ್ತ್ರಿಗಳು ಕನ್ನಡಕ್ಕೆ ತಂದ ಕಾಳಿದಾಸನ ಶಾಕುಂತಲದಲ್ಲಿ ಉಂಗುರ ನೀರುಪಾಲಾದದ್ದೇ ತಡ, ಗಂಡನಾದವನೇ ಹೆಂಡತಿಯನ್ನು ಅರಿಯೆನೆಂದ. ಅಲ್ಲಿ ಶಾಪವಿದೆ, ನಿಜ. ಆದರೂ ಉಂಗುರವಿಲ್ಲದ ಹೆಣ್ಣು ತುಂಬಿದ ಸಭೆಯಲ್ಲಿ ಪಟ್ಟ ಅವಮಾನ ಸುಳ್ಳಲ್ಲ. ಹನುಮ ದೂತ, ಅವನನ್ನು ಪರೀಕ್ಷಿಸಿದ್ದು ಸರಿ. ದುಷ್ಯಂತ ಗಂಡ, ಅವನಿಗೂ ಸಾಕ್ಷಿ ಬೇಕಾಯಿತು.

ಲಿಂಡ್‌ಗ್ರೆನ್ ಇಲ್ಲಿಯೇ ಬೇರೆ ದಾರಿ ಹಿಡಿಯುತ್ತಾರೆ. ಸೇಬು ಬೇಕಾದದ್ದು ಭೂತಕ್ಕೆ, ಅಂದರೆ ನಡುವಿನವನಿಗೆ. ಅಪ್ಪನಾದ ರಾಜ ಸೇಬನ್ನು ತೋರಿಸೆಂದು ಕೇಳುವುದಿಲ್ಲ. ತೋಳು ಚಾಚುತ್ತಾನೆ, ಹುಡುಗ ಓಡಿ ಸೇರಿಕೊಳ್ಳುತ್ತಾನೆ. ಒಂಬತ್ತು ವರ್ಷ ಹುಡುಕಿದವನಿಗೆ ಸಾಕ್ಷಿ ಬೇಡ. ಹಾಗಾಗಿಯೇ ಈ ಸೇಬಿಗೆ ಬೇರಾವ ಶಕ್ತಿಯೂ ಇಲ್ಲ. ಕಲ್ಲನ್ನು ಸೀಳುವುದು ಕತ್ತಿ, ಮರೆಮಾಡುವುದು ಮಾಯದ ಮೇಲಂಗಿ. ಕ್ರೂರಿ ಕಾತೊನೊಡನೆ ನಡೆಯುವ ಕಾಳಗದಲ್ಲಿ ಸೇಬಿಗೆ ಪಾತ್ರವೇ ಇಲ್ಲ. ಮಿಯೊನ ಕೈಯಲ್ಲಿದ್ದದ್ದು ಒಬ್ಬರು ಕೊಟ್ಟ ಹಣ್ಣು. ಕಾತೊನಿಗೆ ಬಲಗೈಯ ಜಾಗದಲ್ಲಿ ಇರುವುದು ಕಿತ್ತುಕೊಳ್ಳುವ ಕಬ್ಬಿಣದ ಪಂಜ. ಇಬ್ಬರ ಭೇದವನ್ನು ಇದಕ್ಕಿಂತ ಸರಳವಾಗಿ ಹೇಳುವುದು ಕಷ್ಟ.

ದೋಷವಿಲ್ಲವೆಂದಲ್ಲ. ಒಂದೇ ಬಗೆಯ ವಾಕ್ಯಗಳು ಮರುಕಳಿಸುತ್ತವೆ. ಅಪಾಯ ಬಂದಾಗಲೆಲ್ಲ ಬಂಡೆಯೋ ಮರವೋ ಬಾಯ್ತೆರೆದು ಹುಡುಗರನ್ನು ಬಚ್ಚಿಡುತ್ತದೆ. ರಾಜನಲ್ಲಿ ಎಳ್ಳಷ್ಟೂ ಕುಂದಿಲ್ಲ, ಇಂಥ ಅಪ್ಪ ಎಲ್ಲಿದ್ದಾನೆ ಎನಿಸುತ್ತದೆ. ಎಲ್ಲಿಯೂ ಇಲ್ಲದಿರಬಹುದು. ಕೊನೆಯಲ್ಲಿ ಹುಡುಗ, ಎಡ್ಲಾ ಚಿಕ್ಕಮ್ಮ ತಿಳಿದಂತೆ ನಾನು ಪಾರ್ಕಿನ ಬೆಂಚಿನ ಮೇಲೆ ಕುಳಿತಿಲ್ಲ ಎಂದು ಒತ್ತಿ ಒತ್ತಿ ಹೇಳುವಾಗ ಓದುವ ದೊಡ್ಡವರ ಗಂಟಲು ಕಟ್ಟುತ್ತದೆ. ಇನ್ನೂ ಅಲ್ಲೇ ಕುಳಿತಿದ್ದರೆ? ಕೈಯಲ್ಲಿರುವುದು ಬರಿಯ ಸೇಬಾಗಿದ್ದರೆ? ಮಕ್ಕಳಿಗೆ ಈ ಅನುಮಾನ ಬರುವುದಿಲ್ಲ. ಬಂದರೂ ಅವರು ಹುಡುಗನ ಮಾತನ್ನೇ ನಂಬುತ್ತಾರೆ. ಎರಡಕ್ಕೂ ಎಡೆಕೊಟ್ಟದ್ದು ಈ ಪುಸ್ತಕದ ದೊಡ್ಡತನ.

ಕನ್ನಡದಲ್ಲಿ 'ಗುರುತು' ಎಂದರೆ ಚಿಹ್ನೆ, 'ಗುರುತು ಸಿಕ್ಕಿತೇ?' ಎಂದರೆ ಪರಿಚಯ. ಒಂದೇ ಮಾತಿನಲ್ಲಿ ಎರಡೂ ಇವೆ. ಪರದೇಶದಲ್ಲಿರುವ ನಾವು ಮೊದಲನೆಯದರ ಚಿಂತೆಯಲ್ಲಿ ಎರಡನೆಯದನ್ನು ಮರೆಯುತ್ತೇವೆ. ಮಕ್ಕಳ ಕೈಗೆ ಭಾಷೆ, ಹಬ್ಬ, ಹಾಡು ಎಂಬ ಸೇಬುಗಳನ್ನು ಕೊಡುತ್ತೇವೆ. ಕೊಡಲೇಬೇಕು, ಅದಿಲ್ಲದೆ ಭೂತ ಹೊತ್ತೊಯ್ಯುತ್ತಿರಲಿಲ್ಲ. ಆದರೆ ಸಭೆ ಸಮಾರಂಭಗಳಲ್ಲಿ 'ಎಲ್ಲಿ, ಕನ್ನಡದಲ್ಲಿ ಹೇಳು ನೋಡೋಣ' ಎಂದು ಪರೀಕ್ಷೆಗೆ ನಿಲ್ಲಿಸುತ್ತೇವಲ್ಲ, ಆಗ ನಾವು ದುಷ್ಯಂತರಾಗುತ್ತೇವೆ. ಊರಿನ ಅಜ್ಜಿ ಹಾಗೆ ಕೇಳುವುದಿಲ್ಲ. ಮೊಮ್ಮಗ ತಪ್ಪು ತಪ್ಪಾಗಿ 'ಅಜ್ಜಿ, ನಾನು ಬಂದಿದೆ' ಎಂದರೂ ತೋಳು ಚಾಚುತ್ತಾಳೆ.

ಪುಸ್ತಕ ಇಲ್ಲಿಯ ಯಾವ ಗ್ರಂಥಾಲಯದಲ್ಲೂ ಸಿಗುತ್ತದೆ. ಸ್ವೀಡಿಷ್ ಸರಳವಾಗಿದೆ. ಮಕ್ಕಳಿಂದ ಓದಿಸಿ, ಅಥವಾ ನೀವೇ ಕನ್ನಡದಲ್ಲಿ ಕಥೆ ಮಾಡಿ ಹೇಳಿ. ಹೆಸರಿಗೆ ಬಂದಾಗ 'ಮಿಯೊ, ನನ್ನ ಮಿಯೊ' ಎನ್ನುವುದಕ್ಕಿಂತ, ನಮ್ಮ ತಾಯಂದಿರು ಕರೆಯುವಂತೆ 'ನನ್ನಪ್ಪಾ' ಎಂದು ನೋಡಿ. ರಾಜ ಹೇಳಿದ್ದು ಅದನ್ನೇ.